ಐದನೆಯ ‘ರೀ’

ಮಾರ್ಚ್ 3, ಸೋಮವಾರ

ಡಾಕ್ಟರು ದಿನಚರಿ ಬರೆಯಲು ಹೇಳಿದ್ದಾರೆ. ಮುಖದ ಬಲಭಾಗದಲ್ಲಿ ದಿನಾ ಏನು ಬದಲಾವಣೆ ಕಂಡಿತು ಎಂದು ಒಂದೆರಡು ಸಾಲು ಬರೆದಿಟ್ಟರೆ ಸಾಕಂತೆ. ಇವತ್ತಿನ ಬದಲಾವಣೆ: ಏನೂ ಇಲ್ಲ.

ಹೋದ ಮಂಗಳವಾರ ಬೆಳಗ್ಗೆ ಹಲ್ಲುಜ್ಜಿ ಬಾಯಿ ಮುಕ್ಕಳಿಸಿದಾಗ ನೀರು ಬಲಗಡೆಯಿಂದ ಚಿಮ್ಮಿತು. ಕನ್ನಡಿ ನೋಡಿದರೆ ಅರ್ಧ ಮುಖ ಕೆಲಸಕ್ಕೆ ಬಂದಿದೆ, ಇನ್ನರ್ಧ ರಜೆ ಹಾಕಿದೆ. ನರ ಊದಿಕೊಂಡಿದೆ, ಮೂರು ವಾರವೋ ಮೂರು ತಿಂಗಳೋ, ಹೆಚ್ಚಿನವರಿಗೆ ಪೂರ್ತಿ ಸರಿಹೋಗುತ್ತದೆ ಎಂದರು ಡಾಕ್ಟರು. ಉಳಿದವರ ಬಗ್ಗೆ ನಾನು ಕೇಳಲಿಲ್ಲ, ಅವರೂ ಹೇಳಲಿಲ್ಲ.

ವ್ಯಾಯಾಮ: ದಿನಕ್ಕೆ ಐದು ಸಲ ಪ ಫ ಬ ಭ ಮ. ಒಂದನೇ ಕ್ಲಾಸು ಬಿಟ್ಟ ಮೇಲೆ ಈ ಸಾಲನ್ನು ಇಷ್ಟು ಶ್ರದ್ಧೆಯಿಂದ ಹೇಳಿದ್ದಿಲ್ಲ. ಎರಡೂ ತುಟಿ ಕೂಡಿದರೆ ಮಾತ್ರ ಬರುವ ಅಕ್ಷರಗಳು, ನನ್ನವು ಕೂಡುತ್ತಿಲ್ಲ. ಐದೂ ಒಂದೇ ಥರ, ಗಾಳಿ ಹೋಗುತ್ತಿರುವ ಟೈರಿನ ಹಾಗೆ ಕೇಳಿಸುತ್ತವೆ.

ಬಚ್ಚಲಿನ ಕನ್ನಡಿಗೆ ಟವೆಲು ಹಾಕಿದೆ. ಹೆಂಡತಿ ತೆಗೆದಳು. ಮತ್ತೆ ಹಾಕಿದೆ.

ಮಾರ್ಚ್ 4, ಮಂಗಳವಾರ

ಹೊಸ ಸಾಕ್ಷ್ಯಚಿತ್ರದ ಹಾರ್ಡ್ ಡಿಸ್ಕ್ ಬಂತು. ಮನೆಯ ಹಿಂದಿನ ಕೋಣೆಯೇ ನನ್ನ ಎಡಿಟಿಂಗ್ ರೂಮು. ಕಿಟಕಿಗೆ ಕಪ್ಪು ಪರದೆ, ಎರಡು ಮಾನಿಟರು, ಒಂದು ಕುರ್ಚಿ. ಯಾರಿಗೂ ಮುಖ ತೋರಿಸುವ ಪ್ರಮೇಯವಿಲ್ಲದ ಕಸುಬು. ಇಪ್ಪತ್ತಾರು ವರ್ಷದಿಂದ ಬೇರೆಯವರ ಬದುಕನ್ನು ಕತ್ತರಿಸಿ ಜೋಡಿಸುತ್ತಿದ್ದೇನೆ. ನನ್ನದೊಂದು ನಿಯಮವಿದೆ: ತೆರೆಯ ಮೇಲಿರುವವರನ್ನು ಯಾವತ್ತೂ ಭೇಟಿಯಾಗಬಾರದು. ಭೇಟಿಯಾದರೆ ಮರುಕ ಹುಟ್ಟುತ್ತದೆ, ಮರುಕ ಹುಟ್ಟಿದರೆ ಕತ್ತರಿ ಮೊಂಡಾಗುತ್ತದೆ.

ನಿರ್ದೇಶಕಿ ಹಿಂದೆ ನನ್ನ ಬಳಿಯೇ ನಾಲ್ಕು ವರ್ಷ ಸಹಾಯಕಿಯಾಗಿದ್ದವಳು. ಇದು ಅವಳ ಮೊದಲ ದೊಡ್ಡ ಚಿತ್ರ. ಏಪ್ರಿಲ್ ಐದಕ್ಕೆ ಮೊದಲ ಜೋಡಣೆ ಚಿತ್ರೋತ್ಸವದ ಆಯ್ಕೆ ಸಮಿತಿಗೆ ಹೋಗಬೇಕು.

ಚಿತ್ರ ಒಬ್ಬ ದರ್ಜಿ ಹೆಂಗಸಿನ ಮೇಲೆ. ಅವಳಿಗೆ ಮುಖಗಳ ಗುರುತು ಹತ್ತುವುದಿಲ್ಲ. ಕಣ್ಣಿಗೆ ಏನೂ ಆಗಿಲ್ಲ, ಐವತ್ತೊಂಬತ್ತರಲ್ಲೂ ಸೂಜಿಗೆ ದಾರ ಏರಿಸುತ್ತಾಳೆ. ಮೂಗು, ಬಾಯಿ, ಹುಬ್ಬು ಎಲ್ಲ ಬಿಡಿಬಿಡಿಯಾಗಿ ಕಾಣುತ್ತದೆ. ಅವೆಲ್ಲ ಸೇರಿ ‘ಇಂಥವರು’ ಎಂದಾಗುವುದಿಲ್ಲ. ಹುಟ್ಟಿನಿಂದಲೇ ಹೀಗಂತೆ. ನಡಿಗೆ, ದನಿ, ಭುಜ, ಬಟ್ಟೆ ನೋಡಿ ಜನರನ್ನು ಹಿಡಿಯುತ್ತಾಳೆ. ಗಂಡನಿಗೆ ಇದನ್ನು ಹೇಳಿದ್ದೇ ಎರಡು ವರ್ಷದ ಹಿಂದೆ.

ಅರ್ಧ ಮುಖದವನಿಗೆ ಮುಖವೇ ಸಿಗದವಳ ಚಿತ್ರ. ನಿರ್ದೇಶಕಿಗೆ ನನ್ನ ಸಂಗತಿ ಗೊತ್ತಿಲ್ಲ. ಗಂಟಲು ಕಟ್ಟಿದೆ, ಫೋನ್ ಬೇಡ, ಮೆಸೇಜು ಕಳಿಸು ಎಂದು ಬರೆದೆ.

ಮಾರ್ಚ್ 6, ಗುರುವಾರ

ಗಂಡನ ಸಂದರ್ಶನ ನೋಡಿದೆ. ನಿವೃತ್ತ ಬಸ್ ಕಂಡಕ್ಟರ್. ಅವನದು ತದ್ವಿರುದ್ಧ ಕಾಯಿಲೆ, ಒಮ್ಮೆ ನೋಡಿದ ಮುಖ ಮರೆಯುವುದಿಲ್ಲ. ‘ಮುಖ ನೋಡಿದ್ರೆ ಯಾವ ಸ್ಟಾಪಲ್ಲಿ ಇಳೀತಾರೆ ಅಂತ ಹೇಳಿಬಿಡ್ತಿದ್ದೆ ಮೇಡಂ. ಇಂಥವನಿಗೆ ಇಂಥವಳು ಗಂಟುಬಿದ್ದಳು ನೋಡಿ’ ಎಂದು ನಗುತ್ತಾನೆ.

ಮೂವತ್ತು ವರ್ಷ ಚರ್ಮದ ಚೀಲ ನೇತುಹಾಕಿಕೊಂಡು ಅವನ ಎಡಭುಜ ಒಂದು ಬೆರಳಿನಷ್ಟು ಇಳಿದಿದೆ. ಅದು ಎದ್ದು ಕಾಣಬಾರದೆಂದು ಅವಳು ಅವನ ಅಂಗಿಗಳ ಎಡಭುಜಕ್ಕೆ ಒಳಗಿನಿಂದ ಎರಡು ಪದರ ಗಟ್ಟಿ ಬಟ್ಟೆ ಕೊಟ್ಟು ಹೊಲಿಯುತ್ತಾಳೆ. ನಿರ್ದೇಶಕಿ ಆ ಪದರದ ಮೇಲೆ ಮೂರು ನಿಮಿಷ ಕ್ಯಾಮೆರಾ ಇಟ್ಟಿದ್ದಾಳೆ. ಹತ್ತು ಸೆಕೆಂಡಿಗೆ ಇಳಿಸಿದೆ.

ಇಷ್ಟು ವರ್ಷ ಯಾಕೆ ಹೇಳಲಿಲ್ಲ ಎಂದು ಕೇಳಿದರೆ ಅವಳು ಸೀಮೆಸುಣ್ಣದಲ್ಲಿ ಬಟ್ಟೆಯ ಮೇಲೆ ಗುರುತು ಹಾಕುತ್ತಲೇ ಹೇಳುತ್ತಾಳೆ: ‘ಕಟ್ಟಿಕೊಂಡ ಹೆಂಡ್ತಿಗೆ ಗಂಡನ ಮುಖ ಗೊತ್ತಿಲ್ಲ ಅಂದ್ರೆ ಯಾರಿಗೆ ತಾನೆ ಚೆನ್ನಾಗಿರುತ್ತೆ?’

ನನ್ನ ಹೆಂಡತಿಯನ್ನು ನಾನು ಕರೆಯುವುದು ಪಪ್ಪಾಯಿ ಎಂದು. ಮದುವೆಯಾದ ಹೊಸತರಲ್ಲಿ ಅವಳು ಒಂದು ದೊಡ್ಡ ಪಪ್ಪಾಯಿ ಹಣ್ಣನ್ನು ಬಸ್ಸಿನಲ್ಲಿ ಕೂಸಿನ ಹಾಗೆ ಮಡಿಲಲ್ಲಿ ಇಟ್ಟುಕೊಂಡು, ಮೇಲೊಂದು ಸೆರಗು ಹೊದೆಸಿ ತಂದಿದ್ದಳು. ಪಕ್ಕದವರು ಎದ್ದು ಸೀಟು ಬಿಟ್ಟುಕೊಟ್ಟಿದ್ದರಂತೆ. ಇಪ್ಪತ್ತಮೂರು ವರ್ಷದಿಂದ ಅದೇ ಹೆಸರು. ಬಚ್ಚಲಲ್ಲಿ ನಲ್ಲಿ ಬಿಟ್ಟುಕೊಂಡು ಹೇಳಿ ನೋಡಿದೆ. ‘ಹಹ್ಹಾಯಿ’ ಎಂದು ಬಂತು, ಯಾರೋ ಕಾಲು ತುಳಿಸಿಕೊಂಡ ಹಾಗೆ. ಸರಿಹೋಗುವ ತನಕ ಆ ಹೆಸರು ಬೇಡ ಎಂದು ತೀರ್ಮಾನಿಸಿ ಒಂದು ವಾರದಿಂದ ‘ಇಲ್ಲಿ ನೋಡು’, ‘ಕೇಳಿಸ್ತಾ’ ಎಂದು ಸಾಗಿಸುತ್ತಿದ್ದೇನೆ. ಅವಳಿಗೇನೂ ಗೊತ್ತಾಗಿಲ್ಲ.

ಮಾರ್ಚ್ 11, ಮಂಗಳವಾರ

‘ಸರ್‌ಪ್ರೈಸ್’ ಎಂದು ಹೆಸರಿಟ್ಟ ಫೋಲ್ಡರು ತೆರೆದೆ. ಇದೇ ಚಿತ್ರದ ಜೀವಾಳ ಎಂದು ನಿರ್ದೇಶಕಿ ಬರೆದಿದ್ದಾಳೆ.

ಏರ್ಪಾಡು ಇಷ್ಟು. ಅವಳ ತಂಡದಲ್ಲಿ ಧ್ವನಿ ಹಿಡಿಯುವವನು ಮೈಕಟ್ಟಿನಲ್ಲಿ ಕಂಡಕ್ಟರನ ಹಾಗೇ ಇದ್ದಾನೆ. ಅವನಿಗೆ ಕಂಡಕ್ಟರನ ನೀಲಿ ಗೆರೆಯ ಅಂಗಿ ತೊಡಿಸಿ, ಕೈಗೆ ಪೇಪರು ಕೊಟ್ಟು, ಕಂಡಕ್ಟರ್ ದಿನಾ ಕೂರುವ ಕಿಟಕಿ ಪಕ್ಕದ ಕುರ್ಚಿಯಲ್ಲಿ ಕೂರಿಸಿದ್ದಾರೆ. ಅವನು ಮಾತಾಡಬಾರದು, ಹೂಂಗುಟ್ಟಬಹುದು. ಕಂಡಕ್ಟರ್ ಒಳಕೋಣೆಯ ಬಾಗಿಲ ಹಿಂದೆ ನಿರ್ದೇಶಕಿಯ ಜೊತೆ ನಿಂತು ನೋಡುತ್ತಾನೆ. ಅವನು ಇದಕ್ಕೆ ಒಪ್ಪಿದ್ದಾನೆ. ಅವಳಿಗೆ ಗೊತ್ತಿಲ್ಲ. ಕ್ಯಾಮೆರಾ ವಾರದಿಂದ ಅದೇ ಮೂಲೆಯಲ್ಲಿ ನಿಂತಿದ್ದರಿಂದ ಅದರ ಕಡೆ ಅವಳ ಗಮನವಿಲ್ಲ.

ಅವಳು ಟೀ ಹಿಡಿದು ಬರುತ್ತಾಳೆ. ‘ರೀ, ಟೀ.’ ಅವನು ಹೂಂ ಎನ್ನುತ್ತಾನೆ. ‘ರೀ, ಮಾತ್ರೆ ತಗೊಂಡ್ರಾ?’ ಹೂಂ. ‘ರೀ, ನಿನ್ನೆ ನಾನು ಹಾಗೆ ಅಂದಿದ್ದು ತಪ್ಪಾಯ್ತು, ಮನಸ್ಸಲ್ಲಿ ಇಟ್ಕೋಬೇಡಿ.’ ಅವನು ಪೇಪರು ಮಡಚುತ್ತಾನೆ. ‘ರೀ, ಕಾಲರ್ ನೋಡಿ ಹೇಗೆ ಮಡಚ್ಕೊಂಡಿದೆ’ ಎಂದು ಬಗ್ಗಿ ಕಾಲರು ಸರಿಮಾಡಿ ಭುಜ ಸವರುತ್ತಾಳೆ. ‘ಟೀ ಆರುತ್ತೆ, ಕುಡೀರಿ’ ಎಂದು ಏನೇನೋ ಮಾತಾಡುತ್ತಲೇ ಮೇಜು ಒರೆಸುತ್ತಾಳೆ, ಗುಂಡಿಯ ಡಬ್ಬಿ ಎತ್ತಿಡುತ್ತಾಳೆ. ಆಗ ಕಂಡಕ್ಟರ್ ಬಾಗಿಲಿಂದ ಬರುತ್ತಾನೆ. ‘ಏನೇ, ಯಾರ ಹತ್ರ ಮಾತಾಡ್ತಿದೀಯ?’ ಎಲ್ಲರೂ ನಗುತ್ತಾರೆ. ಅವಳೂ ಹಣೆ ಚಚ್ಚಿಕೊಂಡು ನಗುತ್ತಾಳೆ. ‘ಅಯ್ಯೋ, ಎಲ್ಲಾ ಸೇರಿ ಒಳ್ಳೆ ಮೋಸ ಮಾಡಿದ್ರಿ!’

ದೃಶ್ಯ ಗಟ್ಟಿಯಾಗಿದೆ. ಎರಡು ಗಂಟೆಯಲ್ಲಿ ಜೋಡಿಸಿ ಕಳಿಸಿದೆ. ‘ಸಾರ್, ಕೈ ಮುಗಿದೆ ನಿಮಗೆ’ ಎಂದು ಉತ್ತರ ಬಂತು.

ಬದಲಾವಣೆ: ಹುಬ್ಬು ಏರಿಸಿದರೆ ಎಡದ್ದು ಮಾತ್ರ ಏರುತ್ತದೆ. ಸದಾ ಯಾರ ಮೇಲೋ ಅನುಮಾನ ಇರುವವರ ಹಾಗೆ ಕಾಣ್ತೀರಿ ಎಂದಳು ಹೆಂಡತಿ.

ಮಾರ್ಚ್ 12, ಬುಧವಾರ

ಕಣ್ಣು ಉರಿ. ಕೆಲಸ ಮಾಡಲಿಲ್ಲ. ಆ ನಗುವಿನ ಕೊನೆಯಲ್ಲಿ ಆಕೆ ಯಾರ ಕಡೆಗೂ ನೋಡುವುದಿಲ್ಲ. ಟೀ ಲೋಟದ ಕಡೆ ನೋಡುತ್ತಾಳೆ.

ಮಾರ್ಚ್ 15, ಶನಿವಾರ

ಮತ್ತೆ ನೋಡಬಾರದಿತ್ತು. ಮುಗಿದ ದೃಶ್ಯವನ್ನು ಮತ್ತೆ ನೋಡುವುದು ನನ್ನ ಅಭ್ಯಾಸವಲ್ಲ.

ಕಾಲರು ಸರಿಮಾಡಿದ ಕೈ ಎಡಭುಜಕ್ಕೆ ಇಳಿಯುತ್ತದೆ. ಬೇರೆಯವನ ಭುಜ ಇಳಿದಿಲ್ಲವಲ್ಲ. ಅಲ್ಲಿ ಒಳಗಿನ ಎರಡು ಪದರ ಉಬ್ಬಿ ನಿಂತಿದೆ. ಆಕೆಯ ಬೆರಳು ಅದರ ಮೇಲೆ ಬಂದು ನಿಲ್ಲುತ್ತದೆ. ಹನ್ನೊಂದು ಫ್ರೇಮು, ಅಂದರೆ ಅರ್ಧ ಸೆಕೆಂಡಿಗೂ ಕಡಿಮೆ. ಆಮೇಲೆ ಏನೂ ಆಗದ ಹಾಗೆ ಕೈ ಹಿಂದೆ ಬರುತ್ತದೆ.

ಶಬ್ದ ಕೇಳಿದೆ. ಕೈ ನಿಲ್ಲುವುದಕ್ಕೆ ಮುಂಚೆ ಆಕೆ ನಾಲ್ಕು ಸಲ ‘ರೀ’ ಎಂದಿದ್ದಾಳೆ. ನಿಂತ ಮೇಲೆ ನಲವತ್ತು ಸೆಕೆಂಡು ಮಾತಾಡಿದ್ದಾಳೆ, ಒಂದೂ ‘ರೀ’ ಇಲ್ಲ. ‘ಟೀ ಆರುತ್ತೆ, ಕುಡೀರಿ.’ ಮನೆಗೆ ಬಂದ ಗಿರಾಕಿಗೆ ಹೇಳುವ ಹಾಗೆ.

ಮೋಸ ಹೋಗಿಲ್ಲ ಆಕೆ. ಗೊತ್ತಾಗಿದೆ. ಗೊತ್ತಾದ ಮೇಲೂ ಆಟ ನಡೆಸಿಕೊಟ್ಟಿದ್ದಾಳೆ. ಇಡೀ ತಂಡದಲ್ಲಿ ಯಾರೂ ಇದನ್ನು ಗಮನಿಸಿಲ್ಲ. ಜೋಡಿಸಿದ ನಾನೂ ಗಮನಿಸಿರಲಿಲ್ಲ.

ಟೈಮ್‌ಲೈನಿನಲ್ಲಿ ಆ ಹನ್ನೊಂದು ಫ್ರೇಮಿನ ಮೇಲೆ ಒಂದು ಕೆಂಪು ಗುರುತು ಹಾಕಿಟ್ಟೆ.

ಮಾರ್ಚ್ 19, ಬುಧವಾರ

ಬದಲಾವಣೆ: ಸ್ಟ್ರಾ ಇಲ್ಲದೆ ಟೀ ಕುಡಿದೆ. ಅರ್ಧ ಅಂಗಿಗೆ ಹೋಯಿತು.

ಧ್ವನಿಯ ಎಲ್ಲ ಟ್ರ್ಯಾಕುಗಳನ್ನೂ ಬಿಡಿಸಿ ನೋಡಿದೆ. ಕಂಡಕ್ಟರರ ಕಾಲರ್ ಮೈಕು ಆ ದಿನ ಬೆಳಗ್ಗೆ ಹಾಕಿದ್ದು ಹಾಗೇ ಚಾಲೂ ಇತ್ತು. ಬಾಗಿಲ ಹಿಂದೆ ನಿಂತಿದ್ದಾಗಲೂ ಅದು ಕೇಳಿಸಿಕೊಂಡಿದೆ. ನಿರ್ದೇಶಕಿ ಆ ಟ್ರ್ಯಾಕು ಬೇಡವೆಂದು ಮುಚ್ಚಿಟ್ಟಿದ್ದಳು.

ಮೊದಲ ಮೂರು ‘ರೀ’ಗೆ ಆತ ಮೂಗಿನಲ್ಲಿ ನಗುತ್ತಿದ್ದಾರೆ. ನಾಲ್ಕನೆಯದಕ್ಕೂ ನಗು. ‘ಟೀ ಆರುತ್ತೆ, ಕುಡೀರಿ’ ಎಂದಾಗ ನಗು ನಿಂತಿದೆ. ಸ್ವಲ್ಪ ಹೊತ್ತು ಉಸಿರು ಮಾತ್ರ. ಆಮೇಲೆ ಪಿಸುಮಾತು: ‘ಸಾಕು ಮೇಡಂ. ನಿಲ್ಲಿಸಿ. ರೀ ಅನ್ನೋದು ಬಿಟ್ಟಳು. ಅವಳಿಗೆ ಗೊತ್ತಾಗೋಯ್ತು.’ ಅದರ ಮೇಲೆ ನಿರ್ದೇಶಕಿಯ ದನಿ: ‘ಶ್... ಇನ್ನೊಂದ್ನಿಮಿಷ.’ ಆತ ಮತ್ತೆ: ‘ಇಂಥಾ ಕೆಲ್ಸಕ್ಕೆ ಒಪ್ಕೋಬಾರ್ದಿತ್ತು ನಾನು.’ ಆಮೇಲೆ ಗಂಟಲು ಸರಿಮಾಡಿಕೊಂಡು, ಜೋರಾಗಿ, ‘ಏನೇ, ಯಾರ ಹತ್ರ ಮಾತಾಡ್ತಿದೀಯ?’

ಅಂದರೆ ಆಕೆಗೆ ಗೊತ್ತಾಗಿತ್ತು. ಆಕೆಗೆ ಗೊತ್ತಾಗಿದ್ದು ಆತನಿಗೆ ಗೊತ್ತಾಗಿತ್ತು. ಇಬ್ಬರೂ ಒಬ್ಬರಿಗೊಬ್ಬರು ನಕ್ಕು ತೋರಿಸಿದ್ದಾರೆ. ಇಬ್ಬರದೂ ಒಟ್ಟಿಗೆ ಗೊತ್ತಿರುವುದು ಈ ಕೋಣೆಯಲ್ಲಿ ಕೂತ ನನಗೆ ಮಾತ್ರ.

ನನಗೂ ಇದಕ್ಕೂ ಏನು ಸಂಬಂಧ? ಏನೂ ಇಲ್ಲ. ಆ ಟ್ರ್ಯಾಕನ್ನು ಮತ್ತೆರಡು ಸಲ ಕೇಳಿದೆ.

ಮಾರ್ಚ್ 20, ಗುರುವಾರ

ನಿರ್ದೇಶಕಿ ಹೇಳದೆ ಕೇಳದೆ ಬಂದುಬಿಟ್ಟಳು. ಬಾಗಿಲು ತೆಗೆದವನ ಮುಖ ನೋಡಿ ‘ಸಾರ್...’ ಎಂದಳು. ಆಮೇಲೆ ಅರ್ಧ ಗಂಟೆ ನನ್ನ ಎಡಗಿವಿಯನ್ನೇ ನೋಡಿಕೊಂಡು ಮಾತಾಡಿದಳು. ಮರ್ಯಾದಸ್ಥೆ.

ಹನ್ನೊಂದು ಫ್ರೇಮು ತೋರಿಸಿ, ಕಂಡಕ್ಟರರ ಟ್ರ್ಯಾಕು ಕೇಳಿಸಿದೆ. ಹೆಡ್‌ಫೋನು ತೆಗೆದು ಮಡಿಲಲ್ಲಿ ಇಟ್ಟುಕೊಂಡಳು.

‘ಆ ಶ್ ಅಂದಿದ್ದು ನಾನೇ ಅಲ್ವಾ ಸಾರ್?’

‘ನೀನೇ.’

‘ಅವರು ಸಾಕು ಅಂದಿದ್ದು ನಂಗೆ ನೆನಪೇ ಇಲ್ಲ.’ ನಂಬಿದೆ. ಚಿತ್ರೀಕರಣದಲ್ಲಿ ಬೇಡದ ದನಿ ಯಾರಿಗೂ ಕೇಳಿಸುವುದಿಲ್ಲ. ಮತ್ತೆ ಸ್ವಲ್ಪ ಹೊತ್ತಿಗೆ ಅವಳ ಕಣ್ಣು ಹೊಳೆಯಿತು. ‘ಸಾರ್, ಇದು ಇನ್ನೂ ದೊಡ್ಡದಾಯ್ತು. ಕೈ ಕ್ಲೋಸಪ್ಪಲ್ಲಿ ನಿಲ್ಲಿಸಿ, ಅದರ ಮೇಲೆ ಇವರ ಪಿಸುಮಾತು ಹಾಕೋಣ. ಮುಖ ಗೊತ್ತಾಗಲ್ಲ, ಆದರೆ ಮೋಸ ಗೊತ್ತಾಗುತ್ತೆ. ಇಡೀ ಚಿತ್ರ ಅಲ್ಲೇ ನಿಲ್ಲುತ್ತೆ.’

ಸರಿಯಾಗಿಯೇ ಹೇಳಿದಳು. ನಾನಾಗಿದ್ದರೂ ಹಾಗೇ ಮಾಡುತ್ತಿದ್ದೆ. ಆದರೆ ಆ ಗಂಡ ಹೆಂಡತಿ ಇದನ್ನು ಮೊದಲ ಸಲ ಕೇಳುವುದು ಇನ್ನೂರು ಜನರ ನಡುವೆ, ಕತ್ತಲಲ್ಲಿ, ಅಕ್ಕಪಕ್ಕದ ಕುರ್ಚಿಯಲ್ಲಿ ಎಂದು ನೆನೆದೆ.

‘ಅಲ್ಲಿಗೆ ಹೋಗಿ ಕೇಳು’ ಎಂದೆ.

‘ಯಾವ ಮುಖ ಇಟ್ಕೊಂಡು ಹೋಗ್ಲಿ ಸಾರ್?’ ಎಂದು ಬಾಯಿತಪ್ಪಿ ಹೇಳಿ ನಾಲಿಗೆ ಕಚ್ಚಿಕೊಂಡಳು. ‘ಎದುರಿನವರ ಮೇಲೆ ಮರುಕ ಬೇಡ ಅಂತ ಕಲಿಸಿದ್ದು ನೀವೇ ಅಲ್ವಾ?’

ನಾನೇ.

ಮಾರ್ಚ್ 24, ಸೋಮವಾರ

ಹೆಂಡತಿ ನನ್ನನ್ನು ಕರೆಯುವುದೂ ‘ರೀ’ ಎಂದೇ. ಇವತ್ತು ಭಾನುವಾರವಲ್ಲದಿದ್ದರೂ ಅವಳು ಕೆಲಸ ಮಾಡುವ ಲೈಬ್ರರಿಗೆ ರಜೆ ಇತ್ತು, ಎಣಿಸಿದೆ. ಮಧ್ಯಾಹ್ನದ ಹೊತ್ತಿಗೆ ಹದಿನೇಳು. ರೀ ಕಣ್ಣಿಗೆ ಔಷಧಿ, ರೀ ಟವೆಲು, ರೀ ಗ್ಯಾಸ್ ಆಫ್ ಮಾಡಿ. ಅದೊಂದು ಶಬ್ದವೆಂದು ಈವರೆಗೆ ಅನ್ನಿಸಿರಲಿಲ್ಲ. ಫ್ಯಾನಿನ ಸದ್ದಿನ ಹಾಗೆ, ನಿಂತರೆ ಮಾತ್ರ ಕೇಳಿಸುವಂಥದ್ದು.

ಸಂಜೆ ಪ ಫ ಬ ಭ ಮ ಹೇಳಿಸಲು ಎದುರು ಕೂತವಳು 'ಮ'ದ ಹತ್ತಿರ ನಿಲ್ಲಿಸಿ, ‘ಇಪ್ಪತ್ತೇಳು ದಿನ ಆಯ್ತು ರೀ, ನೀವು ನನ್ನ ಕರೆದು’ ಎಂದಳು. ಜಗಳದ ದನಿಯಲ್ಲ. ಲೈಬ್ರರಿಯಲ್ಲಿ ಪುಸ್ತಕ ಹಿಂದೆ ಕೊಡದವರಿಗೆ ಹೇಳುವ ದನಿ.

‘ಗೊತ್ತಾಯ್ತಾ?’

‘ಗೊತ್ತಾಗದೆ? ಮನೇಲಿ ಇರೋದು ಇಬ್ಬರು. ಒಬ್ಬರು ಕರೆಯೋದು ನಿಲ್ಲಿಸಿದ್ರೆ ಇನ್ನೊಬ್ಬರಿಗೆ ಗೊತ್ತಾಗಲ್ವಾ?’

‘ಸರಿಯಾಗಿ ಆಡೋಕೆ ಆಗಲ್ಲ’ ಎಂದೆ.

‘ಹಹ್ಹಾಯಿ ಅಂದ್ರೂ ಓಗೊಡ್ತೀನಿ. ಬಚ್ಚಲಲ್ಲಿ ನಲ್ಲಿ ಬಿಟ್ಕೊಂಡು ಕರೆದ್ರೆ ನಲ್ಲಿ ಓಗೊಡುತ್ತಾ?’

ಅವಳಿಗೇನೂ ಗೊತ್ತಾಗಿಲ್ಲ ಎಂದು ಆರನೇ ತಾರೀಖು ಬರೆದಿದ್ದೇನೆ. ತಿದ್ದುಪಡಿ.

ನಿರ್ದೇಶಕಿಗೆ ಮೆಸೇಜು ಕಳಿಸಿ ದರ್ಜಿ ಅಂಗಡಿಯ ವಿಳಾಸ ತರಿಸಿಕೊಂಡೆ.

ಮಾರ್ಚ್ 27, ಗುರುವಾರ

ಬೀರುವಿನಲ್ಲಿ ಮೂರು ವರ್ಷದಿಂದ ಬಿದ್ದಿದ್ದ ಅಂಗಿ ಬಟ್ಟೆಯನ್ನು ಹೆಂಡತಿ ಹುಡುಕಿ ಕೊಟ್ಟಳು. ಮಾಸ್ಕು ಹಾಕಿಕೊಂಡು ಹೊರಟೆ. ದಾರಿಯುದ್ದಕ್ಕೂ ಏನು ಮಾತಾಡಬೇಕು ಎಂದು ತುಟಿ ಕೂಡದ ಪದಗಳನ್ನೇ ಆರಿಸಿ ಬಾಯಿಪಾಠ ಮಾಡಿದೆ. ಮೇಡಂ ಎನ್ನಲಾಗದು. ಅಮ್ಮ ಎನ್ನಲಾಗದು. ಅಕ್ಕ ಎನ್ನಬಹುದು, ಅದಕ್ಕೆ ತುಟಿ ಬೇಕಿಲ್ಲ. ಅಕ್ಕನ ಗಂಡ ಭಾವನಾಗಬೇಕು. ‘ಭ’ ಬರುವುದಿಲ್ಲವಾದ್ದರಿಂದ ಕಂಡಕ್ಟರ್ ಅಣ್ಣನಾದರು. ಸಂಬಂಧಗಳೆಲ್ಲ ನನ್ನ ತುಟಿಯ ಅನುಕೂಲಕ್ಕೆ ಬಿಟ್ಟದ್ದು.

ರಸ್ತೆಗೆ ತೆರೆದ ಒಂದು ಕೋಣೆ. ಎರಡು ಹೊಲಿಗೆ ಯಂತ್ರ, ಇಸ್ತ್ರಿ ಮೇಜು, ನೇತುಹಾಕಿದ ಅಂಗಿಗಳು. ಹಿಂದೆ ಪರದೆ, ಅದರ ಆಚೆ ಮನೆ. ನೂರಾರು ಗಂಟೆ ನೋಡಿದ ಕೋಣೆ, ತೆರೆಯಲ್ಲಿ ಕಂಡದ್ದಕ್ಕಿಂತ ಚಿಕ್ಕದು. ಅವರು ತಲೆ ಎತ್ತಿ ನನ್ನ ಚಪ್ಪಲಿ ನೋಡಿದರು, ಭುಜ ನೋಡಿದರು.

‘ಹೊಸಬರು’ ಎಂದರು.

‘ಅಕ್ಕ, ಅಂಗಿ ಹೊಲಿಸೋದಿತ್ತು.’

‘ಮಾಸ್ಕ್ ಯಾಕೆ? ನೆಗಡಿನಾ? ಇಲ್ಲಾಂದ್ರೆ ತೆಗೀರಿ. ನನ್ನ ಹತ್ರ ಅದಕ್ಕೆ ಕೆಲಸ ಇಲ್ಲ.’

ತೆಗೆದೆ. ಅವರು ನೋಡಿದರು. ನೋಡಿದರು ಎಂದರೆ ಕಿಟಕಿ ನೋಡುವ ಹಾಗೆ ನೋಡಿ, ಟೇಪು ಎಳೆದುಕೊಂಡರು. ಒಂದು ತಿಂಗಳಲ್ಲಿ ನನ್ನ ಮುಖ ನೋಡಿ ಏನೂ ಆಗದವರು ಇವರೊಬ್ಬರೇ. ಮಾಸ್ಕನ್ನು ಇಸ್ತ್ರಿ ಮೇಜಿನ ಮೇಲೆ ಇಟ್ಟೆ.

‘ಎಡಿಟರ್ ನಾನು. ಇಲ್ಲಿ ಶೂಟಿಂಗ್ ಆದದ್ದನ್ನೆಲ್ಲಾ ಕತ್ತರಿಸೋದು ನಾನೇ’ ಎಂದೆ.

‘ಓ! ಹಾಗಾದ್ರೆ ಇಬ್ಬರದೂ ಒಂದೇ ಕಸುಬು. ಆದರೆ ನಾನು ಮೈ ಮುಟ್ಟಿ ಅಳತೆ ತಗೊಳ್ದೆ ಕತ್ತರಿ ಹಾಕಲ್ಲಪ್ಪ. ನೀವು ನೋಡದೆನೇ ಹಾಕ್ತೀರಂತೆ.’

ಅದಕ್ಕೆ ಉತ್ತರ ಬಾಯಿಪಾಠ ಮಾಡಿರಲಿಲ್ಲ. ಲ್ಯಾಪ್‌ಟಾಪು ತೆರೆದು ದೃಶ್ಯ ತೋರಿಸಿದೆ. ತೆರೆಯ ಮೇಲಿನ ಹೆಂಗಸನ್ನು ನೋಡಿ ‘ಇದು ನಾನಾ?’ ಎಂದರು. ಕೈ ಭುಜದ ಮೇಲೆ ಬಂದು ನಿಂತಾಗ ‘ಹಾಂ, ಕೈ ನಂದು’ ಎಂದರು. ಅಲ್ಲಿ ನಿಲ್ಲಿಸಿದೆ.

‘ನಾಲ್ಕು ಸಲ ರೀ ಅಂದ್ರಿ. ಕೈ ನಿಂತ ಗಳಿಗೆಯಿಂದ ಒಂದೂ ಇಲ್ಲ ಅಕ್ಕ.’

ಅವರು ಪರದೆಯ ಕಡೆ ನೋಡಿ ದನಿ ತಗ್ಗಿಸಿದರು. ‘ಕಂಡುಹಿಡಿದುಬಿಟ್ರಾ? ಅವರ ಮುಂದೆ ಆಡ್ಬೇಡಿ. ನಾನು ಮೋಸ ಹೋದೆ ಅಂತಲೇ ಇಟ್ಕೊಳ್ಳಿ ಸಿನಿಮಾದಲ್ಲಿ. ಜನ ನಕ್ಕು ಹೋಗ್ತಾರೆ, ಮುಗೀತು.’ ಟೇಪನ್ನು ಬೆರಳಿಗೆ ಸುತ್ತಿ ಬಿಚ್ಚಿದರು. ‘ಆ ಹುಡುಗ ಯಾರೋ ಏನೋ, ಅದಲ್ಲ. ಇವರು ಬಾಗಿಲ ಹಿಂದೆ ನಿಂತು ನಗ್ತಿದ್ರಲ್ಲ, ಅದು. ಮೂವತ್ತೈದು ವರ್ಷ ಹೆದರ್ಕೊಂಡು ಮುಚ್ಚಿಟ್ಟು ಇವರೊಬ್ಬರಿಗೇ ಹೇಳಿದ್ದು ನಾನು. ಆ ಶೂಟಿಂಗ್ ದಿನದಿಂದ ಆ ಶಬ್ದ ಬಾಯಿಗೇ ಬರ್ತಿಲ್ಲ ನಂಗೆ. ಊಟಕ್ಕೆ ಬನ್ನಿ ಅಂತೀನಿ, ಕೇಳಿ ಅಂತೀನಿ. ಅದೊಂದು ಬರ್ತಿಲ್ಲ. ಅವರಿಗೆ ಗೊತ್ತಾಗಿಲ್ಲ ಬಿಡಿ.’

ಅವರಿಗೆ ಗೊತ್ತಾಗಿಲ್ಲವಂತೆ. ನಾನೂ ಹೀಗೇ ಬರೆದಿದ್ದೆನಲ್ಲ.

ಹೆಡ್‌ಫೋನು ಕೊಟ್ಟೆ. ‘ಇದನ್ನ ಕೇಳಿ ಅಕ್ಕ. ಅಣ್ಣನ ದನಿ.’

ಕೇಳಿದರು. ಮುಖದಲ್ಲಿ ಏನೂ ಆಗಲಿಲ್ಲ ಎಂದು ಬರೆಯಲು ಹೊರಟಿದ್ದೆ. ನಾನು ಮುಖ ನೋಡುತ್ತಲೇ ಇರಲಿಲ್ಲ. ಕೈ ನೋಡುತ್ತಿದ್ದೆ. ಬೆರಳು ಟೇಪಿನ ಮೇಲೆ ನಿಂತಿತು. ‘ಇನ್ನೊಂದ್ಸಲ’ ಎಂದರು. ಹಾಕಿದೆ. ‘ಇನ್ನೊಂದ್ಸಲ.’ ಮೂರನೆಯ ಸಲ ‘ಒಪ್ಕೋಬಾರ್ದಿತ್ತು ನಾನು’ ಎಂಬಲ್ಲಿಗೆ ಹೆಡ್‌ಫೋನು ತೆಗೆದು ಇಸ್ತ್ರಿ ಮೇಜಿನ ಮೇಲೆ ಇಟ್ಟು, ಸೆರಗಿನಿಂದ ಮೂಗು ಒರೆಸಿಕೊಂಡರು.

‘ಎದ್ದು ನಿಂತ್ಕೊಳ್ಳಿ, ಅಳತೆ’ ಎಂದರು.

ನಿಂತೆ. ಭುಜಕ್ಕೆ ಟೇಪು ಹಿಡಿದವರು ಬಿಟ್ಟುಬಿಟ್ಟರು. ‘ಎಡಭುಜ ಮುಂದೆ ತಂದಿದೀರಿ, ಕತ್ತು ಬಲಕ್ಕೆ ತಿರುಗಿದೆ. ಇದು ಹುಟ್ಟಿನಿಂದ ಬಂದ ನಿಲುವಲ್ಲ, ಈಚೆಗೆ ಮಾಡ್ಕೊಂಡಿದ್ದು. ಯಾರಿಂದ ಬಚ್ಚಿಟ್ಕೊಂಡು ನಿಲ್ತೀರಿ ಹೀಗೆ?’ ‘ಈಗ ಅಳತೆ ತಗೊಂಡ್ರೆ ಅಂಗಿ ಸೊಟ್ಟ ಹೊಲಿದ ಹಾಗಾಗುತ್ತೆ. ನೇರ ನಿಲ್ಲೋಕಾದಾಗ ಬನ್ನಿ. ಆದರೆ ಆವಾಗ ನಂಗೆ ನಿಮ್ಮ ಗುರುತು ಸಿಗಲ್ಲ, ಯಾರು ಅಂತ ಹೇಳ್ಬೇಕು.’

ಬಟ್ಟೆಯನ್ನು ಅಲ್ಲೇ ಬಿಟ್ಟು ಮೆಟ್ಟಿಲು ಇಳಿದೆ. ಚಪ್ಪಲಿ ಮೆಟ್ಟುತ್ತಿರುವಾಗ ಪರದೆ ಸರಿದ ಸದ್ದಾಯಿತು. ಒಳಗಿಂದ ಅವರ ದನಿ, ಸ್ವಲ್ಪ ಒಡೆದ ಹಾಗೆ:

‘ರೀ.’

ಒಳಗೆ ಏನೋ ಲೋಹದ್ದು ನೆಲಕ್ಕೆ ಬಿತ್ತು.

‘ರೀ, ಕೇಳಿಸ್ತಾ?’

‘ಹೂಂ ಕಣೇ. ಬಂದೆ. ಬಂದೆ ಇರು.’

ನಾನು ಮಾಸ್ಕು ಮರೆತು ಬಸ್ಸು ಹತ್ತಿದೆ.

ಮಾರ್ಚ್ 28, ಶುಕ್ರವಾರ

ದೃಶ್ಯದಲ್ಲಿರುವುದು ನಾಲ್ಕು ‘ರೀ’. ಐದನೆಯದು ಯಾವ ಟ್ರ್ಯಾಕಿನಲ್ಲೂ ಇಲ್ಲ. ನಿನ್ನೆ ಜೇಬಿನಲ್ಲಿ ಫೋನಿತ್ತು, ರೆಕಾರ್ಡು ಮಾಡಬಹುದಿತ್ತು. ಹೊಳೆಯಲಿಲ್ಲ. ಇಪ್ಪತ್ತಾರು ವರ್ಷದಲ್ಲಿ ಹೀಗೆ ಆದದ್ದು ಇದೇ ಮೊದಲು. ವಯಸ್ಸಾಯಿತೇನೋ.

ಏಪ್ರಿಲ್ 2, ಬುಧವಾರ

ನಿರ್ದೇಶಕಿ ನಿನ್ನೆ ತಾನೇ ಅಂಗಡಿಗೆ ಹೋಗಿದ್ದಳಂತೆ. ಅಕ್ಕ ಬೈಯಲಿಲ್ಲವಂತೆ, ಅದೇ ಕಷ್ಟವಾಯಿತಂತೆ. ದೃಶ್ಯ ಇಡುವುದೋ ತೆಗೆಯುವುದೋ ಎಂದು ಕೇಳಿದರೆ, ‘ಅದು ನಮ್ಮಿಬ್ಬರ ಮನೆ ಮಾತಾಯ್ತು ಈಗ. ನಿಮ್ಮ ಸಿನಿಮಾಕ್ಕೆ ಬೇರೆ ಏನಾದ್ರೂ ಹೊಲ್ಕೊಳ್ಳಿ’ ಎಂದರಂತೆ.

‘ತೆಗೆದ್ಬಿಡಿ ಸಾರ್’ ಎಂದಳು ಫೋನಿನಲ್ಲಿ. ‘ಆಯ್ಕೆ ಆಗುತ್ತೋ ಇಲ್ವೋ. ಆ ಶ್ ಅನ್ನೋ ದನಿ ನನ್ನ ತಲೇಲಿ ಕೂತ್ಬಿಟ್ಟಿದೆ.’

‘ಒಳ್ಳೇದು’ ಎಂದೆ. ಗಂಟಲು ಸರಿಹೋಯ್ತಾ ಸಾರ್ ಎಂದಳು. ಅವಳ ಫೋನು ಎತ್ತಿ ಮಾತಾಡುತ್ತಿದ್ದೇನೆ ಎಂದು ಆಗಲೇ ಗಮನಕ್ಕೆ ಬಂದದ್ದು.

ಏಪ್ರಿಲ್ 5, ಶನಿವಾರ

ಕಳಿಸಿದೆ. ಆ ಜಾಗದಲ್ಲಿ ಈಗ ಕಿಟಕಿ ಪಕ್ಕದ ಖಾಲಿ ಕುರ್ಚಿ, ಆಮೇಲೆ ಭುಜದ ಪದರ ಹೊಲಿಯುವ ಕೈ. ಹತ್ತು ಸೆಕೆಂಡಿಗೆ ಇಳಿಸಿದ್ದ ಶಾಟನ್ನು ಮೂರು ನಿಮಿಷಕ್ಕೆ ಹಿಗ್ಗಿಸಿದೆ. ನಿರ್ದೇಶಕಿ ಮೊದಲೇ ಸರಿಯಾಗಿ ತೆಗೆದಿದ್ದಳು. ಅಷ್ಟು ಹೊತ್ತು ನೋಡಿದರೆ ಆ ಪದರ ಯಾಕೆ ಅಲ್ಲಿದೆ ಎಂದು ಯಾರಿಗಾದರೂ ತಿಳಿಯುತ್ತದೆ.

ಚಿತ್ರ ಮೊದಲಿಗಿಂತ ಸಪ್ಪೆಯಾಯಿತೇ ಎಂದರೆ, ಆಯಿತು. ಜೀವಾಳ ಹೋಯಿತು. ನನಗೆ ಬೇಸರವಾಗಲಿಲ್ಲ.

ಬಚ್ಚಲಿನ ಟವೆಲು ಒಗೆಯಲು ಹೋಗಿದೆ.

ಮೇ 17, ಶನಿವಾರ

ಬರೆದು ಆರು ವಾರವಾಯಿತು. ಡಾಕ್ಟರು ಕೇಳುತ್ತಾರೆಂದು ಮತ್ತೆ ತೆರೆದೆ.

ಸಮಿತಿ ಚಿತ್ರವನ್ನು ಆರಿಸಲಿಲ್ಲ. ನಿರ್ದೇಶಕಿ ತಾನೇ ಒಂದು ಸಣ್ಣ ಸಭಾಂಗಣ ಹಿಡಿದು ಇವತ್ತು ತೋರಿಸಿದಳು. ಎಪ್ಪತ್ತು ಜನ ಇದ್ದರು. ಹೆಂಡತಿಯನ್ನು ಕರೆದುಕೊಂಡು ಹೋಗಿದ್ದೆ. ನಾನು ಕತ್ತರಿಸಿದ ಚಿತ್ರದ ಪ್ರದರ್ಶನಕ್ಕೆ ನಾನು ಹೋಗುವ ಪದ್ಧತಿ ಇಲ್ಲ. ಅವಳು ಹಟ ಹಿಡಿದಳು ಎಂದು ಬರೆಯೋಣವೆಂದರೆ ಅವಳು ಹಿಡಿದಿರಲಿಲ್ಲ.

ಖಾಲಿ ಕುರ್ಚಿ ಬಂದಾಗ ಮೂರನೆಯ ಸಾಲಿನಲ್ಲಿ ಒಬ್ಬರು ಗಂಟಲು ಸರಿಮಾಡಿಕೊಂಡರು. ಆ ಗಂಟಲು ನನಗೆ ಗೊತ್ತು. ಪಕ್ಕದಿಂದ ಒಂದು ಕೈ ಹೋಗಿ ಅವರ ಎಡಭುಜದ ಮೇಲೆ ಕೂತಿತು, ಚಿತ್ರ ಮುಗಿಯುವ ತನಕ ಅಲ್ಲೇ ಇತ್ತು.

ಹೊರಗೆ ಬಾಗಿಲ ಬಳಿ ನಿಂತಿದ್ದೆ. ಅಕ್ಕ ನನ್ನ ಎದುರಿಗೇ ಬಂದು, ಕಂಬದ ಪಕ್ಕ ಹಾದುಹೋಗುವ ಹಾಗೆ ಹಾದುಹೋದರು. ಗುರುತು ಸಿಗಲಿಲ್ಲ. ನನಗೆ ಎಷ್ಟು ಖುಷಿಯಾಯಿತೆಂದರೆ ಒಂದು ಗಳಿಗೆ ಕರೆಯಲು ಮರೆತೇಹೋಯಿತು.

‘ಅಕ್ಕ, ಅಂಗಿ ಬಾಕಿ ಇದೆ ನಂದು’ ಎಂದೆ. ‘ನಮಸ್ಕಾರ ಭಾವ.’

ಅವರು ತಿರುಗಿ ನಿಂತು, ಚಪ್ಪಲಿ ನೋಡಿ, ಎರಡೂ ಕೈಯಿಂದ ನನ್ನ ಎರಡೂ ಭುಜ ಮುಟ್ಟಿ ನೋಡಿದರು. ‘ಅಯ್ಯೋ, ಎಡಿಟರು! ನೇರ ಆಗ್ಬಿಟ್ಟಿದೀರಲ್ಲಪ್ಪ, ಹೇಗೆ ಗೊತ್ತಾಗ್ಬೇಕು? ಬುಧವಾರ ಬನ್ನಿ ಅಳತೆಗೆ.’ ಕಂಡಕ್ಟರ್ ಭಾವ ನಕ್ಕು, ‘ನಂಗೆ ಆವಾಗ್ಲೇ ಗೊತ್ತಾಯ್ತು. ಅವತ್ತು ಪರದೆ ಸಂದೀಲಿ ನೋಡಿದ್ದೆ’ ಎಂದರು. ‘ರೀ, ಸುಮ್ನಿರಿ’ ಎಂದರು ಅಕ್ಕ. ಆಮೇಲೆ ನನ್ನ ಪಕ್ಕಕ್ಕೆ ಕಣ್ಣು ಹೊರಳಿಸಿ, ‘ಜೊತೇಲಿ ಯಾರು?’ ಎಂದರು.

‘ಇವಳಾ? ನನ್ನ ಪಪ್ಪಾಯಿ’ ಎಂದೆ.

ಭಾವ ಜೋರಾಗಿ ನಕ್ಕರು. ಅಕ್ಕ ‘ಒಳ್ಳೆ ಹೆಸರಿಟ್ಟಿದೀರಿ’ ಎಂದರು. ಹೆಂಡತಿ ಮಾತ್ರ ಆ ಕಡೆ ತಿರುಗಿ ನಿಂತು ಸೆರಗಿನಿಂದ ಕಣ್ಣೊರೆಸಿಕೊಂಡಳು. ಸಭಾಂಗಣದ ಎ.ಸಿ. ಗಾಳಿ ಅವಳಿಗೆ ಆಗಿಬರುವುದಿಲ್ಲ.

ಇವತ್ತಿನ ಬದಲಾವಣೆ: ಏನೂ ಇಲ್ಲ.